ಒಡೇರ ಪಾರ್ಟು

“ಸಮ ಹೊರಾ ಬೋಳಿಮಗನೆ! ಹೆಗ್ಲೋ ಇದ್, ಮುರ್ಕ್ ಸ್ಟೂಲೋ? ಎಷ್ಟ್ ಅಲ್ಲಾಡ್ತ್ ಮರಾಯ!”

ಮುತ್ತನ ಹೆಗಲ ಮೇಲೆ ಕೂತಿದ್ದ ಪ್ರೇಮಾನಂದ ಒಡೇರು ಕೊಡೆಯ ಹಿಡಿಯಿಂದ ಅವನ ನೆತ್ತಿಗೆ ಟಕ್ ಎಂದು ಒಂದು ಕೊಟ್ಟರು. ಮುತ್ತನ ಮೊಣಕಾಲಿನವರೆಗೆ ಹಂಗಾರಕಟ್ಟೆಯ ಹೊಳೆಯ ಕೆಸರು. ತೊಂಬತ್ತೇಳನೇ ಇಸವಿ. ಊರಿಗೆ ಕೇಬಲ್ ಟೀವಿ ಬಂದಿತ್ತು, ಒಡೇರ ಮನೆಗೆ ಫೋನು ಬಂದಿತ್ತು, ಒಡೇರ ಕಾಲಿಗೆ ಕೆಸರು ಮಾತ್ರ ಇನ್ನೂ ಬಂದಿರಲಿಲ್ಲ.

ಇಳಿತದ ಹೊತ್ತಿಗೆ ನೀರು ಹಿಂದೆ ಸರಿದರೆ ಬೋಟುಗಳು ದಡಕ್ಕೆ ಬರುವುದಿಲ್ಲ, ನಡುಹೊಳೆಯಲ್ಲೇ ನಿಲ್ಲುತ್ತವೆ. ಆಗ ತಮ್ಮ ಬೋಟು ನೋಡಲು ಹೊರಟ ಒಡೇರು ದಡದಲ್ಲಿ ನಿಂತು ಒಮ್ಮೆ ಗಂಟಲು ಕೆರೆಯುತ್ತಿದ್ದರು. “ಹ್ಕುಂ.” ಅಷ್ಟೇ. ಯಾರಾದರೊಬ್ಬ ಓಡಿಬಂದು ಬೆನ್ನು ಬಗ್ಗಿಸಬೇಕು. ಅವರ ಅಪ್ಪನ ಕಾಲದಿಂದಲೂ ಇದೇ ಪದ್ಧತಿ. ಹಾಗಾಗಿ ಆರು ಬೋಟಿನ ಯಜಮಾನರಾದರೂ ನೀರು ಯಾವಾಗ ಏರುತ್ತದೆ, ಯಾವಾಗ ಇಳಿಯುತ್ತದೆ ಎಂಬುದು ಒಡೇರಿಗೆ ಗೊತ್ತಿರಲಿಲ್ಲ. ನೀರಿದ್ದರೆ ದೋಣಿ, ಇಲ್ಲದಿದ್ದರೆ ಹೆಗಲು.

“ಹೆಂಡ್ತಿ ಮೀನ್ ಹಾಕುದಿಲ್ಯನಾ ನಿಂಗೆ? ಇಲ್ಲಾ ಎಲ್ಲಾ ಮೀನ್ ಪೇಟಿಯಂಗೆ ಬೇರೆಯವ್ರಿಗೇ ಹಾಕ್ತ್ಲಾ?”

ಟಕ್, ಇನ್ನೊಂದು ಬಿತ್ತು.

ಮುತ್ತ ನಿಂತ. ದಡದಲ್ಲಿ ಮೀನಿನ ಬುಟ್ಟಿ ಹಿಡಿದ ಹೆಂಡತಿ ಜಲಜ ಇದ್ದಳು, ಪಕ್ಕದಲ್ಲಿ ಹಣೆ ಮುಚ್ಚುವಷ್ಟು ಹೀರೋ ಕೂದಲು ಬಿಟ್ಟ ಹದಿನೆಂಟರ ಮಗ ಪದ್ದು ಇದ್ದ. ಮುತ್ತ ಇಬ್ಬರನ್ನೂ ಒಮ್ಮೆ ನೋಡಿದ. ಆಮೇಲೆ ತುಂಬಾ ಮರ್ಯಾದೆಯಿಂದ ಹೇಳಿದ:

“ಒಡೇರೆ, ಸ್ಟೂಲ್ ಮುರೀತ್ ಕಾಣಿ.”

ಹೇಳಿದವನೇ ಕುಕ್ಕರಗಾಲಲ್ಲಿ ಕೂತುಬಿಟ್ಟ. ಒಡೇರು ಬಿಳಿ ಪಂಚೆ ಸಮೇತ ಸೊಂಟದವರೆಗೆ ಕೆಸರಿಗಿಳಿದರು. ದಡದಲ್ಲಿ ಯಾರೂ ನಗಲಿಲ್ಲ. ಎಲ್ಲರೂ ಬುದ್ಧಿವಂತರು. ಪದ್ದು ಮಾತ್ರ ಎರಡು ಬೆರಳು ಬಾಯಿಗಿಟ್ಟು ಟಾಕೀಸಿನ ಗಾಂಧಿ ಕ್ಲಾಸಿನಲ್ಲಿ ಹೊಡೆಯುವಂಥ ಒಂದು ಶಿಳ್ಳೆ ಹೊಡೆದ.

ಆ ಶಿಳ್ಳೆಯ ಬೆಲೆ ಹನ್ನೊಂದನೇ ದಿನ ಗೊತ್ತಾಯಿತು. ಒಡೇರ ಒಂದು ಬೋಟು ಮಾಯವಾಗಿತ್ತು, ಹೇಗೆ ಎಂದು ಒಡೇರಿಗೇ ಗೊತ್ತು. ಒಡೇರು ಪೊಲೀಸರಿಗೆ ಬರೆದುಕೊಟ್ಟರು: ಅಮಾವಾಸ್ಯೆಯ ಸಂಜೆ ಐದೂವರೆ ಗಂಟೆಗೆ ಮುತ್ತನು ಬೋಟು ಕದ್ದು, ಅಳಿವೆ ದಾಟಿಸಿ, ಕಡಲಿಗೆ ಒಯ್ದಿದ್ದಾನೆ. ನಾನೇ ಇನ್ನೊಂದು ಬೋಟಿನಲ್ಲಿ ಬೆನ್ನಟ್ಟಿ ಕಣ್ಣಾರೆ ಕಂಡಿದ್ದೇನೆ.

ಅಳಿವೆ ಎಂದರೆ ಹೊಳೆ ಕಡಲು ಸೇರುವ ಬಾಯಿ. ಅಲ್ಲೊಂದು ಮರಳಿನ ದಿಬ್ಬ ನೀರಡಿಯಲ್ಲಿ ಮಲಗಿರುತ್ತದೆ. ಅಮಾವಾಸ್ಯೆಯ ನಡುಮಧ್ಯಾಹ್ನ ಅದರ ಮೇಲೆ ದೊಡ್ಡ ಬೋಟು ಹಾಯಾಗಿ ಹೋಗುತ್ತದೆ. ಅದೇ ಅಮಾವಾಸ್ಯೆಯ ಸಂಜೆಗೆ ದೊಡ್ಡ ಇಳಿತ, ದಿಬ್ಬದ ಮೇಲೆ ಮೊಣಕಾಲುದ್ದ ನೀರು. ಕೊಕ್ಕರೆ ನಡೆದು ದಾಟಬಹುದು, ಬೋಟು ದಾಟುವುದಿಲ್ಲ. ಊರಿನ ಹಾಲುಹಲ್ಲಿನ ಮಕ್ಕಳಿಗೂ ಗೊತ್ತಿದ್ದ ಈ ಸಂಗತಿ ಒಡೇರಿಗೆ ಗೊತ್ತಿರಲಿಲ್ಲ, ಬಯಲುಸೀಮೆಯಿಂದ ಬಂದಿದ್ದ ಇನ್ಸ್‌ಪೆಕ್ಟರಿಗೂ ಗೊತ್ತಿರಲಿಲ್ಲ.

ಕೋರ್ಟಿನಲ್ಲಿ ಮುತ್ತ ಕೈಮುಗಿದು ಹೇಳಿದ: “ನೀರ್ ಇರ್ಲಿಲ್ಲೆ ಸ್ವಾಮಿ.”

ಒಡೇರ ವಕೀಲರು ಕರಿಕೋಟು ಸರಿಮಾಡಿಕೊಂಡರು. “ಗಮನಿಸಬೇಕು ಸ್ವಾಮಿ. ಸಮುದ್ರದಲ್ಲಿ ನೀರಿರಲಿಲ್ಲ ಎನ್ನುತ್ತಿದ್ದಾನೆ ಆರೋಪಿ!”

ಇಡೀ ಕೋರ್ಟು ಗೊಳ್ಳೆಂದಿತು.

“ಅಳ್ವಿಗೆ ಹೋಯ್ ಒಂದ್ಸಲ ಕಂಡ್ ಬನಿ!” ಎಂದು ಜಲಜ ಬಾಗಿಲ ಬಳಿಯಿಂದ ಕೂಗಿದಳು.

“ಸಮುದ್ರಕ್ಕೇ ಸಮನ್ಸ್ ಕಳಿಸ್ಬೇಕಾ ನಿನ್ ಲೆಕ್ಕದಲ್ಲಿ? ನಡಿ ಆಚೆ!” ಎಂದ ಗುಮಾಸ್ತ.

ಒಡೇರ ಬೋಟು ನಡೆಸುವ ತಂಡೇಲ ಗುಡ್ಡನನ್ನು ಸಾಕ್ಷಿಗೆ ಕರೆದರು. ಹೊಳೆಯ ನೀರನ್ನೇ ಕುಡಿದು ಬೆಳೆದ ಗುಡ್ಡ ನೆಲ ನೋಡುತ್ತಾ ಹೇಳಿದ: “ಒಡೇರ್ ಹೇಳದ್ದೇ ಸರಿ.”

ಮುತ್ತನಿಗೆ ಒಂದೂವರೆ ವರ್ಷ ಜೈಲಾಯಿತು. ಸ್ಟೇಷನ್ನಿನಲ್ಲಿ ಬಲಗೈಯ ಎರಡು ಬೆರಳು ಮುರಿದದ್ದು ಲೆಕ್ಕಕ್ಕಿಲ್ಲ. ಬಿಡುಗಡೆಯಾಗಿ ಬಂದಾಗ ಊರಲ್ಲಿ ಅವನಿಗೆ ಹೊಸ ಹೆಸರು ಕಾದಿತ್ತು: ನೀರಿಲ್ದ ಮುತ್ತ. ಯಾವ ಬೋಟಿನವರೂ ಹತ್ತಿಸಿಕೊಳ್ಳಲಿಲ್ಲ. ಒಡೇರು ಮದುವೆಮನೆಗಳಲ್ಲಿ ಪಾಯಸದ ಹೊತ್ತಿಗೆ ಈ ಜೋಕು ಹೇಳುತ್ತಿದ್ದರು. “ಸಮುದ್ರದಗೆ ನೀರಿಲ್ಲೆ ಅಂಬ್ರ್ ಮರಾಯ್ರೆ, ನೀರಿಲ್ಲೆ ಅಂಬ್ರ್!”

ಅಷ್ಟರಲ್ಲಿ ಪದ್ದು ಬೊಂಬಾಯಿ ಬಸ್ಸು ಹತ್ತಿಯಾಗಿತ್ತು.

ಅಂಧೇರಿಯ ಒಂದು ಉಡುಪಿ ಹೋಟೆಲಿನಲ್ಲಿ ಅವನಿಗೆ ಕಪ್ಪು ತೊಳೆಯುವ ಪಾರ್ಟು ಸಿಕ್ಕಿತು. ಆ ಹೋಟೆಲಿನ ಮಹಡಿಯ ಮೇಲೆ ಟೀವಿ ಸೀರಿಯಲ್ ಕಂಪನಿಯಿತ್ತು. ಒಂದು ದಿನ ಟೀ ಕೊಡಲು ಹೋದಾಗ ನಾಲ್ಕು ಜನ ರೈಟರುಗಳು ತಲೆ ಮೇಲೆ ಕೈಯಿಟ್ಟು ಕೂತಿದ್ದರು. ಅವರ ಕಥೆಯಲ್ಲಿ ಅಡುಗೆಯವನು ದಾಲ್‌ಗೆ ವಿಷ ಹಾಕಿ ಸಾಹೇಬರನ್ನು ಕೊಲ್ಲಬೇಕಿತ್ತು.

“ಸಾಬ್,” ಪದ್ದು ಟ್ರೇ ಇಳಿಸದೆಯೇ ಹರಕುಮುರುಕು ಹಿಂದಿಯಲ್ಲಿ ಹೇಳಿದ. “ಅಡುಗೆಯವನು ದಾಲ್‌ಗೆ ವಿಷ ಹಾಕಲ್ಲ. ಉಪ್ಪು ನೋಡೋಕೆ ಮೊದಲ ಚಮಚ ಅವನ ಬಾಯಿಗೇ ಹೋಗುತ್ತೆ. ಹಾಕಿದ್ರೆ ಪಾನ್‌ಗೆ ಹಾಕ್ತಾನೆ.”

ಕಂಪನಿಯ ದೊಡ್ಡ ರೈಟರ್ ಕೀರ್ತನ್ ಸಿಗರೇಟು ಆರಿಸಿ ಅವನನ್ನು ಅಡಿಯಿಂದ ಮುಡಿವರೆಗೆ ನೋಡಿದ. ಮರುದಿನದಿಂದ ಪದ್ದು ಮಹಡಿಯಲ್ಲಿದ್ದ.

‘ಪಕ್ಕಾ ಸಬೂತ್’ ಎಂಬ ಕ್ರೈಂ ಸೀರಿಯಲ್ಲಿಗೆ ಪದ್ದು ಹತ್ತು ವರ್ಷ ಬರೆದ. ಸಾಹೇಬರ ಮಾತು, ಮೇಡಮ್ಮಿನ ಅಳು, ಎಸಿಪಿಯ ಪಂಚ್ ಡೈಲಾಗು ಇವನ್ನೆಲ್ಲ ಇಂಗ್ಲಿಷ್ ಕಲಿತವರು ಬರೆಯುತ್ತಿದ್ದರು. ಡ್ರೈವರು, ವಾಚ್‌ಮನ್ನು, ಪಾತ್ರೆ ತಿಕ್ಕುವ ಕೆಲಸದವಳ ಮಾತುಗಳು ಪದ್ದುವಿಗೆ. “ಇವನು ನಮ್ಮ ನೌಕರ್ ಡಿಪಾರ್ಟ್‌ಮೆಂಟ್,” ಎಂದು ಕೀರ್ತನ್ ಬಂದವರಿಗೆಲ್ಲ ತೋರಿಸುತ್ತಿದ್ದ, ಅಕ್ವೇರಿಯಮ್ಮಿನ ಮೀನು ತೋರಿಸಿದ ಹಾಗೆ. ಡಿಪಾರ್ಟ್‌ಮೆಂಟಿಗೆ ಕೆಲಸವೂ ಭರ್ತಿ ಇತ್ತು. ಯಾಕೆಂದರೆ ಕೊಲೆಗಾರ ಯಾವಾಗಲೂ ಅಲ್ಲಿಂದಲೇ ಬರಬೇಕು. ಪದ್ದು ಮೂವತ್ತೊಂದು ಡ್ರೈವರುಗಳನ್ನೂ ಇಪ್ಪತ್ತಾರು ವಾಚ್‌ಮನ್ನುಗಳನ್ನೂ ತನ್ನ ಕೈಯಾರೆ ಜೈಲಿಗೆ ಕಳಿಸಿದ್ದ.

ಒಮ್ಮೆ ತಡೆಯಲಾರದೆ ಸಾಹೇಬನನ್ನೇ ಕೊಲೆಗಾರ ಮಾಡಿ ಬರೆದುಕೊಟ್ಟ. ಕೀರ್ತನ್ ಹಾಳೆಗಳನ್ನು ನಿಧಾನಕ್ಕೆ ನಾಲ್ಕಾಗಿ ಹರಿದ.

“ನಮ್ಮ ಜಾಹೀರಾತಿನ ಸಾಬೂನು ಯಾರು ಕೊಳ್ತಾರೆ? ಸಾಹೇಬ. ವಾಚ್‌ಮನ್ ಕೊಳ್ತಾನಾ? ಕೊಳ್ಳೋನನ್ನೇ ಜೈಲಿಗೆ ಹಾಕಿದ್ರೆ ನಿನಗೆ ಸಂಬಳ ಯಾರು ಕೊಡ್ತಾರೋ?”

ಕೊನೆಯಲ್ಲಿ ಹೆಸರುಗಳ ಪಟ್ಟಿ ಓಡುವಾಗ ಊಟ ತಂದುಕೊಟ್ಟವನ ಹೆಸರೂ ಬರುತ್ತಿತ್ತು. ಪದ್ದುವಿನದು ಬರುತ್ತಿರಲಿಲ್ಲ. ಜಲಜ ಪ್ರತಿ ಭಾನುವಾರ ಫೋನು ಮಾಡುತ್ತಿದ್ದಳು. “ಪದ್ದೂ, ನಿನ್ ಹೆಸ್ರ್ ಬಪ್ಪುದ್ ಯಾವಾಗ ಮಗಾ? ಕಣ್ ಮಿಟ್ಕ್ಸದೆ ಕಾಂತೆ ನಾನ್. ಅಷ್ಟೊತ್ತಿಗೆ ಹಾಳ್ ಸಾಬೂನ್ ಬತ್ತ್.”

“ಬತ್ತ್ ಅಬ್ಬಿ. ಹೀರೋ ಎಂಟ್ರಿ ಯಾವಾಗ್ಲೂ ಲೇಟ್,” ಎನ್ನುತ್ತಿದ್ದ ಪದ್ದು.

ಎರಡು ಸಾವಿರದ ಹನ್ನೆರಡರಲ್ಲಿ ಕೀರ್ತನ್ ಒಂದು ಕಡತವನ್ನು ಅವನ ಮೇಜಿನ ಮೇಲೆ ಎಸೆದ. “ಕರಾವಳಿ ಸ್ಪೆಷಲ್. ನಿಜವಾದ ಕೇಸು. ಅಲ್ಲೊಬ್ಬ ದೊಡ್ಡ ಮನುಷ್ಯ ತಾನೇ ಬರೆದಿದ್ದಾನೆ. ಬೋಟು ಫ್ರೀ, ಅವನದೇ ಲಾಡ್ಜಿನಲ್ಲಿ ರೂಮು ಫ್ರೀ. ಒಂದೇ ಕಂಡೀಷನ್, ಅವನ ಪಾರ್ಟು ಅವನೇ ಮಾಡ್ತಾನಂತೆ. ಇದು ಪೂರ್ತಿ ನೀನೇ ಬರಿ. ನಿನ್ನ ಹೆಸರು ಹಾಕಿಸ್ತೀನಿ, ಮೊದಲನೇ ಸಾಲಿನಲ್ಲಿ.”

ಪದ್ದು ಕಡತ ತೆರೆದ. ಒಳಗೆ ಹಳೇ ಪೇಪರಿನ ತುಂಡು: ಬೋಟ್ ಕಳ್ಳನನ್ನು ಬೆನ್ನಟ್ಟಿದ ಧೀರ ಯಜಮಾನ. ಶಾಲು ಹೊದ್ದ ಒಡೇರು. ಪಕ್ಕದಲ್ಲಿ, ಇಬ್ಬರು ಪೊಲೀಸರ ನಡುವೆ, ಮುಖಕ್ಕೆ ಬೈರಾಸು ಸುತ್ತಿದ ಒಬ್ಬ ಮನುಷ್ಯ. ಆ ಬೈರಾಸು ಪದ್ದುವಿಗೆ ಗೊತ್ತಿತ್ತು. ಸ್ನಾನ ಮಾಡಿ ಅವನೂ ಅದರಲ್ಲೇ ತಲೆ ಒರೆಸಿಕೊಳ್ಳುತ್ತಿದ್ದ.

“ಆ ಕಡೆ ಪರಿಚಯ ಇದೆಯಾ ನಿನಗೆ?”

“ಸ್ವಲ್ಪ ಇದೆ ಸರ್,” ಎಂದ ಪದ್ದು.

ಊರಿಗೆ ಬಂದವನ ಎದೆಗೆ ಜಲಜ ಮೀನಿನ ಖಾಲಿ ಬುಟ್ಟಿಯನ್ನೇ ಬೀಸಿ ಒಗೆದಳು.

“ಅಪ್ಪಯ್ಯನ್ ಕಳ್ಳ ಅಂದೇಳಿ ಬರಿಯುಕೆ ಬೊಂಬಾಯಿಗೆ ಹೋದ್ಯನಾ ನಾಯಿ? ಊರಿಡೀ ಹೇಳ್ತ್, ಒಡೇರ್ ಸಿನಿಮಾ ಅಂಬ್ರ್, ಮುತ್ತನ್ ಮಗ್ನೇ ಬರದ್ದ್ ಅಂಬ್ರ್! ಹೆಸ್ರ್ ಬಪ್ಪುಕೆ ಹೆತ್ತವನ್ನೇ ಮಾರ್ದ್ಯಾ?”

ಮುತ್ತ ಮೂಲೆಯಲ್ಲಿ ಬಲೆ ಹೆಣೆಯುತ್ತಿದ್ದ. ಮಡಚಲಾಗದ ಎರಡು ಬೆರಳು ನೂಲಿನ ನಡುವೆ ಕಡ್ಡಿಯಂತೆ ನೆಟ್ಟಗೆ ನಿಂತಿದ್ದವು.

“ಅಬ್ಬಿ, ಕೇಂಡ್ಕೊ,” ಪದ್ದು ಬುಟ್ಟಿಯನ್ನು ಪಕ್ಕಕ್ಕಿಟ್ಟ. “ನಾನ್ ಒಂದಕ್ಷರ ಸ್ವಂತದ್ದ್ ಬರಿಲಿಲ್ಲೆ. ಒಡೇರ್ ಕೋರ್ಟಂಗೆ ಎಂತ ಹೇಳಿರೋ ಅದನ್ನೇ ಇಳ್ಸಿದೆ. ಅದೇ ಜಾಗ, ಅವ್ರದೇ ಎರಡ್ ಬೋಟ್, ಮುಂದೆ ಕಳ್ಳ, ಹಿಂದೆ ಒಡೇರ್. ಅದೇ ಹೊತ್ತ್.”

“ಯಾವ ಹೊತ್ತ್?”

“ಅಮಾಸಿ ಸಂಜಿ ಐದೂವರಿ.”

ಜಲಜಳ ಬೈಗುಳ ಅರ್ಧಕ್ಕೇ ನಿಂತಿತು. ಅವಳು ಗಂಡನ ಮುಖ ನೋಡಿದಳು, ಮಗನ ಮುಖ ನೋಡಿದಳು. ಆಮೇಲೆ ಸೆರಗು ಬಾಯಿಗೆ ತುರುಕಿಕೊಂಡು ಕೂತಳು. ನಗುವಿಗೆ ಹೆಗಲು ಕುಣಿಯುತ್ತಿತ್ತು.

“ಒಡೇರಿಗೆ ಯಾರಾರೂ ಹೇಳ್ರೆ?”

“ಹೇಳ್ರೆ ನಮ್ ಕಥಿ ಖಲಾಸ್. ಅಪ್ಪಯ್ಯ ಟೀವಿಯಂಗೂ ಕಳ್ಳ, ನಾನ್ ಅದನ್ ಬರದ್ ಮಗ.”

“ಯಾರೂ ಹೇಳುದಿಲ್ಲೆ,” ಎಂದಳು ಜಲಜ. ಬುಟ್ಟಿ ಎತ್ತಿ ತಲೆ ಮೇಲಿಟ್ಟುಕೊಂಡು ಹೊರಟಳು. ಸಂಜೆಯೊಳಗೆ ಮೀನಿಲ್ಲದ ಆ ಬುಟ್ಟಿ ಹಂಗಾರಕಟ್ಟೆಯ ಎಲ್ಲ ಮನೆಗಳ ಬಾಗಿಲು ಮುಟ್ಟಿ ಬಂತು.

ಅಮಾವಾಸ್ಯೆ ಯಾಕೆ ಎಂದು ಕೇಳಿದ ಡೈರೆಕ್ಟರ್ ವಿಶಾಲನಿಗೆ ಪದ್ದು ಬೇರೆಯೇ ಕಥೆ ಹೇಳಿದ್ದ. “ಸರ್, ಆವತ್ತಿನ ಸಂಜೆ ಬೆಳಕು ನೋಡಿ. ಬಂಗಾರ! ಬಂಗಾರ ಕರಗಿಸಿ ಹೊಯ್ದ ಹಾಗೆ!” ಮುಂಬೈಯ ಸ್ಟುಡಿಯೋದಲ್ಲೇ ಹುಟ್ಟಿ ಬೆಳೆದ ವಿಶಾಲ್ ಕಣ್ಣು ಮುಚ್ಚಿ ಆ ಬಂಗಾರವನ್ನು ಕಂಡ.

ಶೂಟಿಂಗಿನ ದಿನ ಒಡೇರು ಮೂರು ಗಂಟೆಗೇ ಹಾಜರು. ಕೂದಲಿಗೆ ಹೊಸ ಕಪ್ಪು, ಕಣ್ಣಿಗೆ ಕೂಲಿಂಗ್ ಗ್ಲಾಸು, ಮೈಗೆ ರೇಷ್ಮೆ ಜುಬ್ಬಾ, ಕಾಲಿಗೆ ಹಾಲಿನಂಥ ಬಿಳಿ ಬೂಟು. ಕಳ್ಳನ ಪಾರ್ಟಿಗೆ ಬಂದಿದ್ದ ಮುಂಬೈ ನಟ ಪದ್ದು ಮೊದಲೇ ಎಣಿಸಿದ್ದ ಹಾಗೆ ಬೋಟು ಹತ್ತಿದ ಎರಡೇ ನಿಮಿಷಕ್ಕೆ ಮಧ್ಯಾಹ್ನದ ಬಿರಿಯಾನಿಯನ್ನು ಹೊಳೆಗೆ ಅರ್ಪಿಸಿ ಅಂಗಾತ ಮಲಗಿದ.

“ಬೋಟು ಬಿಡೋಕೆ ಬರುವವನೇ ಬೇಕು ಸರ್,” ಪದ್ದು ಒಡೇರಿಗೂ ಕೇಳುವ ಹಾಗೆ ವಿಶಾಲನ ಕಿವಿಯಲ್ಲಿ ಊದಿದ. “ಹಿಂದಿನಿಂದ ತೋರಿಸೋದಲ್ವಾ? ಮೂಲ ಕಳ್ಳನೇ ಇಲ್ಲಿದ್ದಾನೆ.”

ವಿಶಾಲನಿಗಿಂತ ಮೊದಲು ಒಡೇರೇ ಚಪ್ಪಾಳೆ ತಟ್ಟಿದರು. “ಕರೀನಿ ಅವನ್ನ! ಅದೇ ಕಳ್ಳ, ಅದೇ ಒಡೇರ್, ಬರದವ ಕಳ್ಳನ್ ಮಗ! ಇದಪ್ಪ ರಿಯಲ್ ಅಂದ್ರೆ!”

ಮುತ್ತ ಬಂದ. ಹಿಂದಿನ ರಾತ್ರಿಯೇ ಮಗನಿಗೆ ಅವನು ಹೇಳಿದ್ದು ಒಂದೇ ಮಾತು. “ನಾನ್ ಕದಿಲಿಲ್ಲೆ ಪದ್ದು. ಕದ್ದಂಗೆ ಆಕ್ಟ್ ಮಾಡುಕೆ ನಂಗ್ ಬತ್ತಿಲ್ಲೆ.” ಪದ್ದು ಹೇಳಿದ್ದ: “ಆಕ್ಟ್ ಮಾಡ್ಬೇಡ ಅಪ್ಪಯ್ಯ. ಬೋಟ್ ಬಿಡ್, ಸಾಕ್. ಬಾಕಿದ್ದ್ ಅಳ್ವಿ ಮಾಡ್ತ್.”

ಮೇಕಪ್ಪಿನವನು ಮುತ್ತನ ಕೆನ್ನೆಗೆ ಮಸಿ ಬಳಿದ. ಒಡೇರು ಹತ್ತಿರ ಬಂದು ಅವನ ಗಲ್ಲ ಎತ್ತಿ ನೋಡಿದರು. “ಇನ್ನೂ ಸಲ್ಪ ಹಚ್ಚ್ ಮರಾಯ. ಕಳ್ಳನ್ ಕಳೆ ಬರ್ಲಿಲ್ಲೆ. ಎಂತದಾ ಮುತ್ತ, ಸಮುದ್ರದಗೆ ನೀರಿತ್ತಾ ಇವತ್ತಾರೂ?”

ಸುತ್ತ ನಿಂತ ಪಟಾಲಮ್ಮು ನಕ್ಕಿತು. ಪೊಲೀಸ್ ಸ್ಟೇಷನ್ನಿನಿಂದ ಬಂದಿದ್ದ ಹೊಸ ಸಬ್ ಇನ್ಸ್‌ಪೆಕ್ಟರೂ ಮರ್ಯಾದೆಗೆ ನಕ್ಕರು. ಮುತ್ತನೂ ಸ್ವಲ್ಪ ನಕ್ಕ. “ನೀವೇ ಕಾಣಿ ಒಡೇರೆ,” ಎಂದ.

ಬೋಟುಗಳು ಹೊರಡುವ ಹೊತ್ತಿಗೆ ಪದ್ದುವಿನ ಜೀವ ಬಾಯಿಗೆ ಬಂದದ್ದು ಗುಡ್ಡನಿಂದ. ಒಡೇರ ಬೋಟಿನ ಸ್ಟೇರಿಂಗು ಹಿಡಿದವನು ಈಗಲೂ ಅದೇ ಗುಡ್ಡ. ಮೀಸೆ ಪೂರ್ತಿ ಬೆಳ್ಳಗಾಗಿತ್ತು. ಅವನು ಹೊಳೆಯ ಅಂಚನ್ನು ನೋಡಿದ. ಕಲ್ಲುಗಳ ಹಸಿ ಗೆರೆ ಆಗಲೇ ಎರಡು ಮೊಳ ಮೇಲಿತ್ತು. ನೀರು ಸರಸರನೆ ಕಡಲಿಗೆ ಓಡುತ್ತಿತ್ತು.

“ಎಂತದಾ ಕಾಂತಿ ಗುಡ್ಡ?” ಒಡೇರು ಕೇಳಿದರು. “ಸೀದಾ ಅಳ್ವಿ ದಾಟ್ಸುದೇ ಅಲ್ದಾ? ಎಂತ ತೊಂದ್ರಿ ಇಲ್ಯಲೆ?”

ಗುಡ್ಡ ಬಾಯಿ ತೆರೆದ. ಮುಂದಿನ ಬೋಟಿನಲ್ಲಿ ನಿಂತ ಮುತ್ತನ ಬಲಗೈ ಕಂಡಿತು, ಸ್ಟೇರಿಂಗಿನ ಮೇಲೆ ಮಡಚದೆ ನಿಂತ ಆ ಎರಡು ಬೆರಳು. ದಡದ ಮೇಲೆ ಬುಟ್ಟಿ ಹಿಡಿದು ನಿಂತ ಜಲಜ ಕಂಡಳು. ಗುಡ್ಡ ಬಾಯಿ ಮುಚ್ಚಿದ, ಹದಿನೈದು ವರ್ಷದ ಹಿಂದೆ ಕಟಕಟೆಯಲ್ಲಿ ಹೇಳಿದ್ದನ್ನೇ ಮತ್ತೊಮ್ಮೆ ಹೇಳಿದ.

“ಒಡೇರ್ ಹೇಳದ್ದೇ ಸರಿ.”

ಇಂಜಿನ್ನು ಗುಡುಗಿತು.

ಕ್ಯಾಮೆರಾ, ವಿಶಾಲ್, ಪದ್ದು ಮೂವರೂ ಬದಿಯಲ್ಲಿ ಒಂದು ಸಣ್ಣ ಪಾತಿ ದೋಣಿಯಲ್ಲಿದ್ದರು. ಅದಕ್ಕೆ ಗೇಣು ನೀರಿದ್ದರೂ ಸಾಕು. ಅಳಿವೆಯ ಪಕ್ಕದ ಮರಳ ದಂಡೆಯ ಮೇಲೆ ಊರಿಗೆ ಊರೇ ನಿಂತಿತ್ತು. ಮೀನು ಮಾರುವ ಸೀತು ನಗು ತಡೆಯಲಾಗದೆ ಕೆಮ್ಮುತ್ತಿದ್ದಳು. ಬೆಳಕು ಸುಳ್ಳಲ್ಲ, ಬಂಗಾರವೇ.

“ಆಕ್ಷನ್!”

ಮುತ್ತನ ಬೋಟು ಮುನ್ನುಗ್ಗಿತು. ಹಿಂದೆ ಒಡೇರ ಬೋಟು. ಅದರ ಮೂತಿಯಲ್ಲಿ ಒಂದು ಕಾಲು ಮುಂದಿಟ್ಟು, ಎದೆಗೆ ಮೈಕು ಸಿಕ್ಕಿಸಿಕೊಂಡು, ಒಡೇರು ಪದ್ದು ಬರೆದುಕೊಟ್ಟದ್ದನ್ನು ಅಳಿವೆ ನಡುಗುವಂತೆ ಕೂಗಿದರು. ಹಿಂದಿಯನ್ನು ಆಮೇಲೆ ಸೇರಿಸುತ್ತಾರೆ, ಈಗ ಊರ ಮಾತಲ್ಲೇ ಹೇಳಿ ಎಂದು ಪದ್ದು ಹೇಳಿಕೊಟ್ಟಿದ್ದ.

“ನಿಲ್ಲಾ ಕಳ್ಳ! ಅಮಾಸಿ ಸಂಜಿ ಐದೂವರಿ! ನೀ ಅಳ್ವಿ ದಾಟುದನ್ನ ನಾನ್ ಈ ಕಣ್ಣಾರೆ ಕಾಂತಾ ಇದ್...”

ಗರ್‌ರ್‌ರ್.

ಮುತ್ತನ ಬೋಟು ಅಡಿಯಲ್ಲಿ ಮರಳು ಕಚ್ಚಿ ನಿಂತಿತು. ಒಂದು ಉಸಿರಿನ ನಂತರ ಒಡೇರ ಬೋಟು ಇನ್ನೂ ಜೋರಾಗಿ ದಿಬ್ಬ ಹತ್ತಿ, ಬಲಕ್ಕೆ ವಾಲಿ ಕೂತಿತು. ಒಡೇರು ಮೂತಿಯನ್ನು ತಬ್ಬಿಕೊಂಡರು. ಕೂಲಿಂಗ್ ಗ್ಲಾಸು ಹಾರಿ ಬಿತ್ತು. ಅದು ಮುಳುಗಲಿಲ್ಲ, ನೀರಿನಿಂದ ಮೇಲೆದ್ದಿದ್ದ ದಿಬ್ಬದ ನೆತ್ತಿಯ ಮೇಲೆ ಎಲ್ಲರಿಗೂ ಕಾಣುವಂತೆ ಕೂತು ಮಿಂಚಿತು. ಒಂದು ಕೊಕ್ಕರೆ ನಡೆದು ಬಂದು ಅದನ್ನು ಪರೀಕ್ಷಿಸಿತು.

“ಹೋಯ್ಲಿ ಮುಂದೆ! ಎಂತಕ್ ನಿಲ್ಸ್ದಿ ಗುಡ್ಡ?”

“ನಾನ್ ನಿಲ್ಸ್ಲಿಲ್ಲೆ ಒಡೇರೆ.”

“ಮತ್ತೆಂತ ದೆವ್ವ ನಿಲ್ಸಿತಾ?” ಒಡೇರು ಬಗ್ಗಿ ಕೆಳಗೆ ನೋಡಿದರು. ಎಡಕ್ಕೆ ನೋಡಿದರು, ಬಲಕ್ಕೆ ನೋಡಿದರು. ಆಮೇಲೆ, ಎದೆಯ ಮೈಕಿಗೆ, ಕ್ಯಾಮೆರಾಕ್ಕೆ, ದಂಡೆಯ ಮೇಲೆ ನಿಂತ ಸಬ್ ಇನ್ಸ್‌ಪೆಕ್ಟರಿಗೆ, ಇಡೀ ಹಂಗಾರಕಟ್ಟೆಗೆ ಕೇಳುವಂತೆ, ಹೊಟ್ಟೆಯ ಆಳದಿಂದ ಕೂಗಿದರು:

“ಹ್ವಾಯ್! ಇಲ್ಲ್ ನೀರೇ ಇಲ್ಯಲಾ ಮರಾಯ್ರೆ!”

ದಂಡೆಯ ಮೇಲೆ ಯಾರೋ ಎರಡು ಬೆರಳು ಬಾಯಿಗಿಟ್ಟು ಶಿಳ್ಳೆ ಹೊಡೆದರು. ಈ ಸಲ ಅದು ಪದ್ದು ಅಲ್ಲ, ಜಲಜ. ಅಲ್ಲಿಂದ ಶುರುವಾದ ನಗು ದಂಡೆಯ ಆ ತುದಿಗೆ ಹೋಗಿ ಮುಟ್ಟಿ ವಾಪಸು ಬಂತು. ನೂರು ಮೊಬೈಲುಗಳು ಕೈ ಎತ್ತಿದ್ದವು.

ಮುತ್ತ ತನ್ನ ಬೋಟಿನ ಅಂಚಿನಲ್ಲಿ ಕಾಲು ಇಳಿಬಿಟ್ಟು ಕೂತು ನಿಧಾನಕ್ಕೆ ಬೀಡಿ ಹಚ್ಚಿದ.

“ಹೌದ್ ಒಡೇರೆ. ಆ ದಿನವೂ ಇರ್ಲಿಲ್ಲೆ.”

ಸಬ್ ಇನ್ಸ್‌ಪೆಕ್ಟರು ನಗು ನಿಲ್ಲಿಸಿದ್ದರು. ಅವರು ಬೋಟು ನೋಡಿದರು, ದಿಬ್ಬ ನೋಡಿದರು, ವಾಚು ನೋಡಿದರು, ಆಮೇಲೆ ಟೊಪ್ಪಿ ತೆಗೆದು ತಲೆ ಕೆರೆದುಕೊಂಡು ಜೀಪಿನ ಕಡೆ ನಡೆದರು.

ಪದ್ದುವಿನ ಕಿಸೆಯಲ್ಲಿ ಫೋನು ಗುಂಯ್‌ಗುಟ್ಟತೊಡಗಿತು. ಕೀರ್ತನ್. ಯಾರೋ ಆಗಲೇ ಊದಿದ್ದಾರೆ. ಎತ್ತಿದರೆ ಏನು ಹೇಳುತ್ತಾನೆಂದು ಪದ್ದುವಿಗೆ ಗೊತ್ತಿತ್ತು. ಮೊದಲನೇ ಸಾಲಿನ ಹೆಸರು ಹೋಯಿತು, ಕೊನೇ ಸಾಲಿನದೂ ಹೋಯಿತು, ಮಹಡಿಯೂ ಹೋಯಿತು. ಅವನು ಫೋನನ್ನು ಹಾಗೇ ಗುಂಯ್‌ಗುಡಲು ಬಿಟ್ಟ.

“ನೀರ್ ಬಪ್ಪುದ್ ಯಾವಾಗ?” ಒಡೇರು ಗುಡ್ಡನನ್ನು ಕೇಳಿದರು. ಜೀವಮಾನದಲ್ಲಿ ಮೊದಲ ಸಲ ಕೇಳಿದರು.

“ಬೋಟ್ ಏಳೂಕೆ ಇನ್ನ್ ಮೂರ್ ಗಂಟಿ ಆತ್ತ್,” ಎಂದ ಗುಡ್ಡ, ಕೆಳಗೆ ಹಾರಿ, ಮೊಣಕಾಲುದ್ದದ ನೀರಿನಲ್ಲಿ ಚಳಕ್ ಚಳಕ್ ಎಂದು ನಡೆಯುತ್ತಾ ದಂಡೆಗೆ ಹೋಗಿ ಬೇರೆಯವರ ಜೊತೆ ನಿಂತ.

ಒಡೇರು ವಾಲಿದ ಬೋಟಿನ ಅಂಚಿಗೆ ಬಂದರು. ಬಿಳಿ ಬೂಟು ನೋಡಿಕೊಂಡರು. ಎದುರಿಗೆ ನಲವತ್ತು ಹೆಜ್ಜೆಯ ನೀರು, ಅದರಾಚೆ ಅವರು ಹುಟ್ಟಿನಿಂದ ಕಂಡ ಹೆಗಲುಗಳು ಸಾಲಾಗಿ ನಿಂತಿದ್ದವು.

ಪಾತಿ ದೋಣಿಯಲ್ಲಿ ವಿಶಾಲ್ ಪಿಸುಗುಟ್ಟಿದ. “ಇನ್ನೂ ರೋಲಿಂಗ್ ಇದೆ. ಮುಂದೆ ಡೈಲಾಗ್ ಏನು?”

ಪದ್ದು ಕೈಯಲ್ಲಿದ್ದ ಕೊನೆಯ ಹಾಳೆ ತೋರಿಸಿದ. ಖಾಲಿ.

“ಇಲ್ಲಿ ಡೈಲಾಗ್ ಇಲ್ಲ ಸರ್. ಬರೀ ಎಕ್ಸ್‌ಪ್ರೆಷನ್.”

“ಹ್ಕುಂ,” ಎಂದು ಒಡೇರು ಗಂಟಲು ಕೆರೆದರು.

ಯಾರೂ ಅಲ್ಲಾಡಲಿಲ್ಲ. ಮುತ್ತ ಬೀಡಿಯ ಬೂದಿ ಕೊಡವಿದ.

“ಹ್ಕುಂ.”

ಕ್ಯಾಮೆರಾದ ಕೆಂಪು ದೀಪ ಉರಿಯುತ್ತಲೇ ಇತ್ತು. ಒಡೇರು ಒಂದು ಕಾಲನ್ನು ಅಂಚಿನಿಂದಾಚೆ ಚಾಚಿ, ಕೆಳಗೆ ಬರಬೇಕಾದ ಹೆಗಲಿಗಾಗಿ ಗಾಳಿಯಲ್ಲಿ ತಡಕಾಡುತ್ತಾ, ಮೂರನೆಯ ಸಲ ಕೆಮ್ಮಿದರು.